ದರಿಯಾ ದೌಲತ್ ಗೋಡೆಯ ಮೇಲಿರುವವನು ಇಂಗ್ಲಿಷಿನವನಲ್ಲ

ಶ್ರೀರಂಗಪಟ್ಟಣದಲ್ಲಿರುವ ಟಿಪ್ಪುವಿನ ಬೇಸಿಗೆ ಅರಮನೆ ದರಿಯಾ ದೌಲತ್ ನೋಡಲು ಹೋದವರು ಅದರ ಪಡುವಣ ಗೋಡೆಯ ದೊಡ್ಡ ಚಿತ್ರದ ಮುಂದೆ ನಿಂತೇ ಇರುತ್ತೀರಿ. ಹೈದರಾಲಿ, ಟಿಪ್ಪು ಸೇರಿ ಈಸ್ಟ್ ಇಂಡಿಯಾ ಕಂಪನಿಯ ಪಡೆಯನ್ನು ಸೋಲಿಸಿದ 1780ರ ಪೊಳ್ಳಿಲೂರು ಯುದ್ಧದ ಚಿತ್ರ ಅದು. ಎಲ್ಲಿ ನೋಡಿದರೂ ಕುದುರೆ, ಕತ್ತಿ, ಫಿರಂಗಿ. ಮದ್ದಿನ ಗಾಡಿಯೊಂದು ಸಿಡಿದು ಬೆಂಕಿ ಎದ್ದಿದೆ. ನಡುವೆ ಕೆಂಪು ಕೋಟಿನ ಸಿಪಾಯಿಗಳು ಚೌಕವಾಗಿ ನಿಂತಿದ್ದಾರೆ. ಚೌಕದ ಒಳಗೊಂದು ಪಲ್ಲಕ್ಕಿ. ಅದರಲ್ಲಿ ಗಾಯಗೊಂಡ ಅಧಿಕಾರಿಯೊಬ್ಬ ಬೆರಳು ಕಚ್ಚಿಕೊಂಡು ಕೂತಿದ್ದಾನೆ. 'ಇವನೇ ಇಂಗ್ಲಿಷರ ಕರ್ನಲ್ ಬೇಲಿ' ಅಂತ ಗೈಡ್ ಕೈ ತೋರಿಸುತ್ತಾರೆ. ನಾವು ತಲೆಯಾಡಿಸಿ ಮುಂದೆ ಹೋಗುತ್ತೇವೆ.

ವಿಲಿಯಂ ಬೇಲಿ ಇಂಗ್ಲಿಷಿನವನಲ್ಲ. ಸ್ಕಾಟ್ಲೆಂಡಿನ ಉತ್ತರದಲ್ಲಿರುವ ಇನ್ವರ್ನೆಸ್ ಹತ್ತಿರದವನು. ಅವತ್ತು ಅವನ ಜೊತೆ ಸೆರೆಸಿಕ್ಕ ಡೇವಿಡ್ ಬೇರ್ಡ್ ಕೂಡ ಸ್ಕಾಟ್ಲೆಂಡಿನವನೇ. ಬೇಲಿ 1782ರಲ್ಲಿ ಶ್ರೀರಂಗಪಟ್ಟಣದ ಸೆರೆಯಲ್ಲೇ ಸತ್ತ. ಬೇರ್ಡ್ ಮೂರೂವರೆ ವರ್ಷಕ್ಕೂ ಜಾಸ್ತಿ ಕಾಲ ಅಲ್ಲಿ ಕಳೆದು ಬದುಕಿ ಹೊರಬಂದ. 1799ರ ಮೇ 4ರಂದು ಅದೇ ಕೋಟೆಗೆ ನುಗ್ಗಿದ ಪಡೆಗೆ ಮುಂದಾಳು ಅವನೇ. ಆದರೆ ಕೋಟೆ ಬಿದ್ದ ಮೇಲೆ ಪಟ್ಟಣದ ಅಧಿಕಾರ ಸಿಕ್ಕಿದ್ದು ಆರ್ಥರ್ ವೆಲ್ಲೆಸ್ಲಿಗೆ. ಅವನು ಬಂದು ಉಳಿದುಕೊಂಡದ್ದು ಇದೇ ದರಿಯಾ ದೌಲತ್‌ನಲ್ಲಿ. ಅವನು ಹುಟ್ಟಿದ್ದು ಐರ್ಲೆಂಡಿನ ಡಬ್ಲಿನ್‌ನಲ್ಲಿ.

ಹೀಗೇ ನೋಡುತ್ತಾ ಹೋಗಿ. ಮೈಸೂರು ಸೀಮೆಯನ್ನು ಅಳೆದು ನಕಾಶೆ ಮಾಡಿದ, ಊರೂರಿನ ಕೈಫಿಯತ್ತುಗಳನ್ನು, ಅಂದರೆ ಸ್ಥಳೀಯ ಇತಿಹಾಸದ ಬರಹಗಳನ್ನು, ಕೂಡಿಹಾಕಿಸಿದ ಕಾಲಿನ್ ಮೆಕೆಂಜಿ ಸ್ಕಾಟ್ಲೆಂಡಿನ ಲೂಯಿಸ್ ದ್ವೀಪದವನು. 1800ರಲ್ಲಿ ಮದ್ರಾಸಿನಿಂದ ಹೊರಟು ಮೈಸೂರು, ಕೆನರಾ, ಮಲಬಾರು ಸುತ್ತಿ ಬೆಳೆ, ಬೆಲೆ, ಜಾತಿ, ಜಮೀನು ಎಲ್ಲ ಬರೆದಿಟ್ಟ ಡಾಕ್ಟರ್ ಫ್ರಾನ್ಸಿಸ್ ಬುಕಾನನ್ ಸ್ಕಾಟ್. ಕೆನರಾದ ಮೊದಲ ಕಲೆಕ್ಟರ್ ಥಾಮಸ್ ಮನ್ರೋ ಗ್ಲಾಸ್ಗೋದವನು. ಬೆಂಗಳೂರಿನ ಪಾರ್ಕಿಗೆ ಹೆಸರು ಕೊಟ್ಟ ಮಾರ್ಕ್ ಕಬ್ಬನ್, ಮೈಸೂರಿನ ಇತಿಹಾಸ ಬರೆದ ಅವನ ಮಾವ ಮಾರ್ಕ್ ವಿಲ್ಕ್ಸ್, ಇಬ್ಬರೂ ಐಲ್ ಆಫ್ ಮ್ಯಾನ್ ಎಂಬ ಪುಟ್ಟ ದ್ವೀಪದವರು. ಸ್ಯಾಂಕಿ ಕೆರೆಯ ಸ್ಯಾಂಕಿ ಐರ್ಲೆಂಡಿನ ಟಿಪ್ಪರರಿಯವನು.

ಇಂಗ್ಲಿಷರು ಇರಲಿಲ್ಲ ಅಂತಲ್ಲ. ಗವರ್ನರ್ ಜನರಲ್ ಕಾರ್ನ್‌ವಾಲಿಸ್ ಇದ್ದ, ಮೈಸೂರಿನ ಕಮಿಷನರ್ ಬೌರಿಂಗ್ ಇದ್ದ. ಆದರೆ ನಾವು 'ಇಂಗ್ಲಿಷರು' ಅಂತ ಒಂದೇ ಮೂಟೆ ಕಟ್ಟಿಟ್ಟವರಲ್ಲಿ ಇಷ್ಟೊಂದು ಜನ ಬೇರೆಯವರು ಯಾಕಿದ್ದರು? ಈ ಪ್ರಶ್ನೆ ಹಿಡಿದು ಹೊರಟರೆ ಬ್ರಿಟಿಷ್ ಸಾಮ್ರಾಜ್ಯದ ಹೊಟ್ಟೆಯೊಳಗಿನ ಕಥೆಯೇ ಬಿಚ್ಚಿಕೊಳ್ಳುತ್ತದೆ. ಬ್ರಿಟನ್ ಎಂಬ ದೇಶ ಮೊದಲು ಆಯಿತು, ಆಮೇಲೆ ಅದು ಸಾಮ್ರಾಜ್ಯ ಕಟ್ಟಿತು ಅಂತ ನಾವು ಅಂದುಕೊಂಡಿರುತ್ತೇವೆ. ನಿಜವಾಗಿ ಎರಡೂ ಒಟ್ಟೊಟ್ಟಿಗೇ ಆದವು. ಒಂದಿಲ್ಲದೆ ಇನ್ನೊಂದು ನಿಲ್ಲುತ್ತಿರಲಿಲ್ಲ.

ಹೆಸರಿನ ಗೋಜಲು

ಉತ್ತರ ಭಾರತದಲ್ಲಿ ನಮ್ಮನ್ನು 'ಮದ್ರಾಸಿ' ಅಂದರೆ ಸಿಟ್ಟು ಬರುತ್ತೆ ಅಲ್ವಾ? ಸ್ಕಾಟ್ಲೆಂಡಿನವರನ್ನೋ ವೇಲ್ಸಿನವರನ್ನೋ 'ಇಂಗ್ಲಿಷರು' ಅಂದರೆ ಅವರಿಗೂ ಹಾಗೇ ಆಗುತ್ತದೆ.

ಮೊದಲು ನಕಾಶೆ ಬಿಡಿಸಿಕೊಳ್ಳೋಣ. ಗ್ರೇಟ್ ಬ್ರಿಟನ್ ಒಂದು ದ್ವೀಪ. ಅದರಲ್ಲಿ ಮೂರು ನಾಡುಗಳಿವೆ: ದಕ್ಷಿಣ ಮತ್ತು ನಡುಭಾಗದಲ್ಲಿ ಇಂಗ್ಲೆಂಡ್, ಪಶ್ಚಿಮದ ಬೆಟ್ಟಸೀಮೆಯಲ್ಲಿ ವೇಲ್ಸ್, ಉತ್ತರದಲ್ಲಿ ಸ್ಕಾಟ್ಲೆಂಡ್. ಪಕ್ಕದ ದ್ವೀಪ ಐರ್ಲೆಂಡ್. ಆ ದ್ವೀಪದ ಈಶಾನ್ಯದ ಮೂಲೆ ಮಾತ್ರ ಇವತ್ತು ಯುನೈಟೆಡ್ ಕಿಂಗ್‌ಡಮ್‌ಗೆ ಸೇರಿದೆ. ಉಳಿದದ್ದು ಬೇರೆಯೇ ದೇಶ. ಎರಡು ದ್ವೀಪಗಳ ನಡುವಿನ ಸಮುದ್ರದಲ್ಲಿ ಕಬ್ಬನ್‌ನ ಊರು, ಐಲ್ ಆಫ್ ಮ್ಯಾನ್. ಅದಕ್ಕೆ ತನ್ನದೇ ಸಂಸತ್ತಿದೆ. ಅದು ಯುನೈಟೆಡ್ ಕಿಂಗ್‌ಡಮ್‌ನ ಭಾಗವೇ ಅಲ್ಲ, ಬ್ರಿಟನ್ನಿನ ರಾಜನಿಗೆ ಮಾತ್ರ ಸೇರಿದ್ದು.

ಇನ್ನು 'ಬ್ರಿಟನ್' ಎಂಬ ಹೆಸರು ಯಾರದ್ದು? ಈ ಮಾತು ನನಗೆ ಮೊದಲ ಸಲ ತಿಳಿದಾಗ ಬೆರಗಾಯಿತು. ಆ ಹೆಸರು ಇಂಗ್ಲಿಷರದ್ದಲ್ಲ. ಕ್ರಿ.ಶ. 43ರಲ್ಲಿ ರೋಮನ್ನರು ಗೆಲ್ಲಲು ಬಂದಾಗ ದ್ವೀಪದಲ್ಲಿದ್ದವರು ಬ್ರಿಟನ್ನರು. ಇವತ್ತಿನ ವೆಲ್ಶ್ ಭಾಷೆಯ ತಾಯಿನುಡಿ ಅವರ ಮಾತು. ಸುಮಾರು 410ರ ಹೊತ್ತಿಗೆ ರೋಮನ್ನರು ಗಂಟುಮೂಟೆ ಕಟ್ಟಿದರು. ಆಮೇಲೆ ಸಮುದ್ರದಾಚೆಯ ಜರ್ಮನ್ ಮತ್ತು ಡೇನಿಷ್ ಕರಾವಳಿಯಿಂದ ಆಂಗಲ್ಸ್, ಸ್ಯಾಕ್ಸನ್, ಜ್ಯೂಟ್ ಜನ ಬಂದು ನೆಲೆಸಿದರು. ಆಂಗಲ್ಸ್ ಜನರ ನಾಡೇ ಇಂಗ್ಲೆಂಡ್ ಆಯಿತು. ಹಳೆಯ ಬ್ರಿಟನ್ನರ ಮಾತು ಪಶ್ಚಿಮದ ಬೆಟ್ಟಗಳಲ್ಲಿ ಉಳಿಯಿತು. ಹೊಸಬರು ಅವರನ್ನು ಕರೆದ ಹೆಸರಿನಿಂದಲೇ 'ವೆಲ್ಶ್' ಎಂಬ ಪದ ಬಂದಿದೆ. ಅದರ ಅರ್ಥ 'ಪರಕೀಯರು'! ತಮ್ಮ ನೆಲದಲ್ಲೇ ಅವರು ಪರಕೀಯರಾದರು. ಅವರು ತಮ್ಮನ್ನು ಕರೆದುಕೊಳ್ಳುವುದು 'ಕಮ್ರಿ' ಅಂತ. ಅಂದರೆ 'ಒಂದೇ ನಾಡಿನವರು'.

ಇಂಗ್ಲಿಷರೂ ಸುಖವಾಗೇನೂ ಇರಲಿಲ್ಲ. ವೈಕಿಂಗರು ಬಂದು ದೋಚಿದರು. 1066ರಲ್ಲಿ ಫ್ರಾನ್ಸಿನ ನಾರ್ಮಂಡಿಯ ವಿಲಿಯಂ ಬಂದು ಗೆದ್ದ. ಮುಂದೆ ಬಹುಕಾಲ ಅರಮನೆಯ ಮಾತು ಫ್ರೆಂಚ್, ಹೊಲದ ಮಾತು ಇಂಗ್ಲಿಷ್. ಇಂಗ್ಲಿಷಿನಲ್ಲಿ ಹಸು 'ಕೌ', ಅದರ ಮಾಂಸ 'ಬೀಫ್'. ಕುರಿ 'ಶೀಪ್', ಅದರ ಮಾಂಸ 'ಮಟನ್'. ಸಾಕುವವನ ಬಾಯಲ್ಲಿ ಇಂಗ್ಲಿಷ್ ಪದ ಉಳಿಯಿತು, ಊಟಕ್ಕೆ ಕೂತವನ ಬಾಯಿಂದ ಫ್ರೆಂಚ್ ಪದ ಬಂತು.

ಕೊರಳಿಗೆ ಕಟ್ಟಿದ ಮರದ ತುಂಡು

ಸಾಮ್ರಾಜ್ಯದ ಮೊದಲ ಪಾಠ ನಡೆದದ್ದು ವೇಲ್ಸಿನಲ್ಲಿ. ಇಂಗ್ಲೆಂಡಿನ ರಾಜ ಒಂದನೇ ಎಡ್ವರ್ಡ್ 1282-83ರಲ್ಲಿ ಅದನ್ನು ಗೆದ್ದ. ಗೆದ್ದು ಸುಮ್ನೆ ವಾಪಸು ಹೋಗಲಿಲ್ಲ. ಕಾನ್ವಿ, ಕೈರ್ನಾರ್ವನ್, ಹಾರ್ಲೆಕ್ ಅಂತ ಒಂದರ ಮೇಲೊಂದು ಕಲ್ಲಿನ ಕೋಟೆ ಎಬ್ಬಿಸಿದ. ಕೋಟೆಯ ಪಕ್ಕದಲ್ಲಿ ಇಂಗ್ಲಿಷರನ್ನು ತಂದು ಪೇಟೆ ಕಟ್ಟಿಸಿದ. 1536ರಲ್ಲಿ ಎಂಟನೇ ಹೆನ್ರಿಯ ಕಾಲಕ್ಕೆ ವೇಲ್ಸನ್ನು ಇಂಗ್ಲೆಂಡಿಗೆ ಪೂರ್ತಿ ಸೇರಿಸಿಕೊಂಡರು. ಕೋರ್ಟಿನಲ್ಲಿ ಇಂಗ್ಲಿಷ್ ಮಾತ್ರ. ವೆಲ್ಶ್ ಆಡುವವನಿಗೆ ಸರ್ಕಾರಿ ಹುದ್ದೆ ಇಲ್ಲ. ಹೆನ್ರಿಯ ಟ್ಯೂಡರ್ ವಂಶದ ಬೇರು ವೇಲ್ಸಿನದ್ದೇ ಅನ್ನೋದು ಇನ್ನೂ ನೋವಿನ ಮಾತು.

ಇಷ್ಟಾದರೂ ಜನ ವೆಲ್ಶ್ ಬಿಡಲಿಲ್ಲ. ಮನೆಯಲ್ಲಿ, ಹೊಲದಲ್ಲಿ, ಚರ್ಚಿನಲ್ಲಿ ಅದೇ ಮಾತು. ಆಗ ಕೈಗೆ ಸಿಕ್ಕಿದ್ದು ಮಕ್ಕಳು. 19ನೇ ಶತಮಾನದಲ್ಲಿ ವೇಲ್ಸಿನ ಹಲವು ಶಾಲೆಗಳಲ್ಲಿ ಒಂದು ಪದ್ಧತಿ ಇತ್ತು. ಅಂಗೈ ಅಗಲದ ಮರದ ತುಂಡು, ಅದಕ್ಕೊಂದು ದಾರ. ಮೇಲೆ ಎರಡು ಅಕ್ಷರ ಕೆತ್ತಿರುತ್ತಿದ್ದರು. 'ವೆಲ್ಶ್ ಬೇಡ' ಅಂತ ಅದರ ಅರ್ಥ. ಬೆಳಿಗ್ಗೆ ಯಾವ ಮಗು ಬಾಯಿತಪ್ಪಿ ವೆಲ್ಶ್ ಆಡಿತೋ ಆ ಮಗುವಿನ ಕೊರಳಿಗೆ ಅದನ್ನು ತೂಗುಹಾಕುತ್ತಿದ್ದರು. ಆ ಮಗು ಅದನ್ನು ಕಳಚಬೇಕಾದರೆ ವೆಲ್ಶ್ ಆಡುವ ಇನ್ನೊಂದು ಮಗುವನ್ನು ಹಿಡಿದುಕೊಡಬೇಕು. ಹೀಗೆ ಕೊರಳಿಂದ ಕೊರಳಿಗೆ ಹೋಗಿ ಸಂಜೆ ಗಂಟೆ ಹೊಡೆದಾಗ ಯಾರ ಕೊರಳಲ್ಲಿ ಉಳಿದಿದೆಯೋ ಅವರಿಗೆ ಏಟು.

ಸರ್ಕಾರ ಕಾನೂನು ಮಾಡಿ ಇದನ್ನು ಹೇರಿರಲಿಲ್ಲ. ಊರಿನ ಮೇಷ್ಟ್ರೇ, ಕೆಲವು ಕಡೆ ಅಪ್ಪ ಅಮ್ಮನ ಒಪ್ಪಿಗೆಯಿಂದಲೇ ಮಾಡಿದ್ದು. ಮಗ ಇಂಗ್ಲಿಷ್ ಕಲಿತರೆ ಕೆಲಸ ಸಿಗುತ್ತೆ ಎಂಬ ಆಸೆ ಅವರಿಗೆ. ಇದನ್ನು ಓದುವಾಗ ನನಗೆ ನನ್ನ ಶಾಲೆ ನೆನಪಾಗುತ್ತದೆ. ಕಾರಿಡಾರಿನಲ್ಲಿ ಕನ್ನಡ ಮಾತಾಡಿದರೆ ಒಂದು ರೂಪಾಯಿ ದಂಡ. ಯಾರು ಮಾತಾಡಿದರು ಅಂತ ಬರೆದಿಡಲು ಲೀಡರ್ ಕೈಗೊಂದು ನೋಟ್‌ಬುಕ್. ಬರೆಯುತ್ತಿದ್ದವನೂ ಕನ್ನಡದ ಹುಡುಗನೇ. ಹಾಗಾಗಿ ಆ ಮರದ ತುಂಡು ನನಗೆ ಯಾವುದೋ ದೂರದ ದೇಶದ ವಸ್ತು ಅನಿಸುವುದಿಲ್ಲ.

ವೇಲ್ಸಿನಲ್ಲಿ ಮೈಸೂರಿನ ವಸ್ತುವೊಂದಿದೆ. ಪೊವಿಸ್ ಎಂಬ ಕೋಟೆಯನ್ನು ಕಟ್ಟಿದ್ದು ವೆಲ್ಶ್ ರಾಜರ ಮನೆತನ. ಆಮೇಲೆ ಅದು ಹರ್ಬರ್ಟ್ ಎಂಬ ಶ್ರೀಮಂತ ಮನೆತನದ ಕೈಸೇರಿತು. ಆ ಮನೆಯ ಮಗಳನ್ನು ಮದುವೆಯಾದವನು ಎಡ್ವರ್ಡ್ ಕ್ಲೈವ್. ರಾಬರ್ಟ್ ಕ್ಲೈವ್‌ನ ಮಗ, 1799ರಲ್ಲಿ ಮದ್ರಾಸಿನ ಗವರ್ನರ್. ಅವನ ಕಾಲದಲ್ಲಿ ಟಿಪ್ಪುವಿನ ಡೇರೆ ಹಡಗು ಹತ್ತಿತು. ಬಿಳಿ ಹತ್ತಿಬಟ್ಟೆಯ ಮೇಲೆ ಹೂದಾನಿಗಳು, ಹೂಬಳ್ಳಿ, ಕೆಂಪು ಹಸಿರು ಬಣ್ಣ. ಬಹಳ ಕಾಲ ಅಲ್ಲಿನ ತೋಟದ ಪಾರ್ಟಿಗಳಲ್ಲಿ ಅದನ್ನು ಕಟ್ಟುತ್ತಿದ್ದರಂತೆ. ಯುದ್ಧಭೂಮಿಯ ಡೇರೆ ಚಹಾ ಕುಡಿಯುವವರಿಗೆ ನೆರಳಾಯಿತು. ಇವತ್ತೂ ಅದು ಆ ಕೋಟೆಯಲ್ಲೇ ಇದೆ.

ದಾರಿಯೆನ್: ಒಂದು ದೇಶದ ದಿವಾಳಿ

ಸ್ಕಾಟ್ಲೆಂಡಿನ ಕಥೆ ಬೇರೆ. ಅದನ್ನು ಇಂಗ್ಲೆಂಡ್ ಯುದ್ಧದಲ್ಲಿ ಗೆದ್ದು ನುಂಗಲಿಲ್ಲ. ಬಹಳ ಸಲ ಪ್ರಯತ್ನಿಸಿ ಸೋತಿತ್ತು. 1603ರಲ್ಲಿ ಇಂಗ್ಲೆಂಡಿನ ರಾಣಿ ಒಂದನೇ ಎಲಿಜಬೆತ್ ಮಕ್ಕಳಿಲ್ಲದೆ ತೀರಿಕೊಂಡಳು. ನೆಂಟಸ್ತನದ ಲೆಕ್ಕದಲ್ಲಿ ಪಟ್ಟ ಸಿಕ್ಕಿದ್ದು ಸ್ಕಾಟ್ಲೆಂಡಿನ ರಾಜ ಜೇಮ್ಸ್‌ಗೆ. ರಾಜ ಒಬ್ಬನೇ, ದೇಶ ಎರಡು, ಸಂಸತ್ತು ಎರಡು. ಹೀಗೇ ನೂರು ವರ್ಷ ನಡೆಯಿತು. ಎರಡು ದೇಶ ಒಂದಾದದ್ದು 1707ರಲ್ಲಿ. ಅದರ ಹಿಂದೆ ಒಂದು ಕಂಪನಿ ಮುಳುಗಿದ ಕಥೆ ಇದೆ. ಇದನ್ನು ಸ್ವಲ್ಪ ನಿಧಾನವಾಗಿ ಹೇಳುತ್ತೇನೆ.

1690ರ ದಶಕದಲ್ಲಿ ಸ್ಕಾಟ್ಲೆಂಡಿನಲ್ಲಿ ಸಾಲುಸಾಲು ಬರ. ಹಸಿವಿನಿಂದ ಜನ ಸಾಯುತ್ತಿದ್ದರು. ಅತ್ತ ಇಂಗ್ಲೆಂಡಿನ ವ್ಯಾಪಾರಿಗಳು ಅಮೆರಿಕ, ಭಾರತ ಎರಡೂ ಕಡೆ ದುಡ್ಡು ಬಾಚುತ್ತಿದ್ದರು. ಇಂಗ್ಲೆಂಡಿನ ವಸಾಹತುಗಳಲ್ಲಿ ವ್ಯಾಪಾರ ಮಾಡಲು ಸ್ಕಾಟರಿಗೆ ಅವಕಾಶ ಇರಲಿಲ್ಲ. ನಮಗೂ ಒಂದು ಕಂಪನಿ ಬೇಕು ಅಂತ ಅವರು 1695ರಲ್ಲಿ ಹೊರಟರು. ಯೋಜನೆ ಕೊಟ್ಟವನು ವಿಲಿಯಂ ಪ್ಯಾಟರ್ಸನ್. ಬ್ಯಾಂಕ್ ಆಫ್ ಇಂಗ್ಲೆಂಡ್ ಹುಟ್ಟುಹಾಕಿದವರಲ್ಲಿ ಒಬ್ಬನಾದ ಸ್ಕಾಟ್. ಅವನ ಕಣ್ಣು ಬಿದ್ದದ್ದು ಪನಾಮಾದ ದಾರಿಯೆನ್ ಮೇಲೆ. ಅಟ್ಲಾಂಟಿಕ್, ಪೆಸಿಫಿಕ್ ಎರಡೂ ಸಮುದ್ರಗಳ ನಡುವಿನ ಕಿರಿದಾದ ನೆಲ. ಅಲ್ಲಿ ಕೂತರೆ ಎರಡು ಸಮುದ್ರಗಳ ಬಾಗಿಲು ಕಾದಂತೆ ಎಂಬುದು ಅವನ ಲೆಕ್ಕ. ಇನ್ನೂರು ವರ್ಷದ ಮೇಲೆ ಪನಾಮಾ ಕಾಲುವೆ ತೋಡಿದವರದ್ದೂ ಅದೇ ಲೆಕ್ಕ. ಯೋಚನೆ ತಪ್ಪಾಗಿರಲಿಲ್ಲ, ಕಾಲ ತಪ್ಪಾಗಿತ್ತು.

ಲಂಡನ್ನಿನಲ್ಲಿ ಷೇರು ಎತ್ತಲು ಹೋದಾಗ ಅಡ್ಡ ನಿಂತದ್ದು ನಮಗೆ ಚೆನ್ನಾಗಿ ಗೊತ್ತಿರುವ ಈಸ್ಟ್ ಇಂಡಿಯಾ ಕಂಪನಿಯೇ. ತನಗೆ ಪೈಪೋಟಿ ಬೇಡ ಅಂತ ಒತ್ತಡ ತಂದಿತು. ಇಂಗ್ಲಿಷ್ ಹಣ ಹಿಂದೆ ಸರಿಯಿತು. ಸ್ಕಾಟರಿಗೆ ರೋಷ ಬಂತು. ಜಮೀನ್ದಾರರು, ವಕೀಲರು, ಡಾಕ್ಟರುಗಳು, ಅಂಗಡಿಯವರು, ವಿಧವೆಯರು ಎಲ್ಲ ಸೇರಿ 4 ಲಕ್ಷ ಪೌಂಡ್ ಕೊಡುವುದಾಗಿ ಸಹಿ ಹಾಕಿದರು. ಆ ಬಡ ದೇಶದ ಕೈಲಿದ್ದ ದುಡ್ಡಿನಲ್ಲಿ ದೊಡ್ಡ ಪಾಲು ಅದು.

1698ರ ಜುಲೈನಲ್ಲಿ ಎಡಿನ್‌ಬರೋ ಹತ್ತಿರದ ಲೀತ್ ಬಂದರಿನಿಂದ ಐದು ಹಡಗು ಹೊರಟವು. ಸುಮಾರು 1,200 ಜನ. ಸರಕಿನಲ್ಲಿ ಉಣ್ಣೆ ಬಟ್ಟೆ, ಬಾಚಣಿಗೆ, ವಿಗ್ಗು. ಬಿಸಿಲು ನಾಡಿನ ಕಾಡಿನಲ್ಲಿ ಇವನ್ನು ಕೊಳ್ಳುವವರು ಯಾರು? ಇಳಿದ ಮೇಲೆ ಮಳೆ, ಜ್ವರ, ಭೇದಿ. ಪ್ಯಾಟರ್ಸನ್ ಹೆಂಡತಿಯೂ ಮಗುವೂ ಅಲ್ಲೇ ಸತ್ತರು. ಸ್ಪೇನಿನವರು ಅದು ತಮ್ಮ ನೆಲ ಅಂತ ಮೇಲೆ ಬಿದ್ದರು. ಹತ್ತಿರದ ಇಂಗ್ಲಿಷ್ ವಸಾಹತುಗಳಿಗೆ ರಾಜನ ಕಡೆಯಿಂದ ಅಪ್ಪಣೆ ಹೋಗಿತ್ತು: ಇವರಿಗೆ ಅನ್ನ ನೀರು ಏನೂ ಕೊಡಕೂಡದು. ಆ ರಾಜ ಸ್ಕಾಟ್ಲೆಂಡಿಗೂ ರಾಜನೇ ಆಗಿದ್ದ! ಮೊದಲ ತಂಡ ಜಾಗ ಬಿಟ್ಟು ಓಡಿತು. ಆ ಸುದ್ದಿ ತಿಳಿಯದೆ ಎರಡನೇ ತಂಡ ಬಂದಿಳಿಯಿತು. 1700ರ ಮಾರ್ಚಿನಲ್ಲಿ ಅದೂ ಸ್ಪೇನಿಗೆ ಶರಣಾಯಿತು. ಒಟ್ಟು ಸತ್ತವರು ಸುಮಾರು 2,000.

ದುಡ್ಡು ಕಳೆದುಕೊಂಡ ದೇಶದ ಮುಂದೆ ಇಂಗ್ಲೆಂಡ್ ಒಂದು ಕಾಗದ ಇಟ್ಟಿತು. ನಿಮ್ಮ ಸಂಸತ್ತು ಮುಚ್ಚಿ. ನಮ್ಮ ಸಂಸತ್ತಿನಲ್ಲಿ 45 ಸ್ಥಾನ ಕೊಡುತ್ತೇವೆ, ಮೇಲ್ಮನೆಯಲ್ಲಿ 16. ನಿಮ್ಮ ಚರ್ಚು, ನಿಮ್ಮ ಕಾನೂನು ನಿಮಗೇ ಇರಲಿ. ನಮ್ಮ ವಸಾಹತುಗಳ ವ್ಯಾಪಾರ ನಿಮಗೂ ತೆರೆದಿರುತ್ತದೆ. ಜೊತೆಗೆ 3,98,085 ಪೌಂಡ್ 10 ಷಿಲಿಂಗ್ ಕೊಡುತ್ತೇವೆ. ದಾರಿಯೆನ್‌ನಲ್ಲಿ ಮುಳುಗಿದ ಷೇರುದಾರರಿಗೆ ಅಸಲು, ಬಡ್ಡಿ ಸೇರಿ ಅದರಿಂದಲೇ ವಾಪಸು. ಬೀದಿಯಲ್ಲಿ ಜನ ಗಲಾಟೆ ಎಬ್ಬಿಸಿದರು. ಆದರೆ ಸಂಸತ್ತಿನಲ್ಲಿ ಕೂತವರಲ್ಲಿ ಹಲವರು ಷೇರುದಾರರೇ. ಒಪ್ಪಂದ ಪಾಸಾಯಿತು. 1707ರ ಮೇ 1ರಂದು 'ಗ್ರೇಟ್ ಬ್ರಿಟನ್' ಎಂಬ ದೇಶ ಹುಟ್ಟಿತು. ಆ ದುಡ್ಡು ಕಾವಲಿನೊಂದಿಗೆ ಗಾಡಿಗಳಲ್ಲಿ ಎಡಿನ್‌ಬರೋಗೆ ಬಂದಾಗ ಜನ ಕಲ್ಲು ಹೊಡೆದರು.

ಸಾಮ್ರಾಜ್ಯದಲ್ಲಿ ಪಾಲು ಕೇಳಿ, ಸಿಗದೆ, ಸ್ವಂತವಾಗಿ ಮಾಡಲು ಹೋಗಿ ಸುಟ್ಟುಕೊಂಡು, ಕೊನೆಗೆ ಪಾಲಿಗಾಗಿ ದೇಶವನ್ನೇ ಕೊಟ್ಟರು. ಬ್ರಿಟನ್ ಹುಟ್ಟಿದ್ದೇ ಹೀಗೆ ಅನ್ನುವುದು ನನ್ನ ತಿಳುವಳಿಕೆ.

ಹೊಗೆಸೊಪ್ಪಿನಿಂದ ಮದ್ರಾಸಿಗೆ

ಪಾಲು ಸಿಕ್ಕಿದ್ದು ನಿಜ. ಗ್ಲಾಸ್ಗೋ ವ್ಯಾಪಾರಿಗಳು ಅಮೆರಿಕದ ವರ್ಜೀನಿಯಾದಿಂದ ಹೊಗೆಸೊಪ್ಪು ತರಿಸಿ ಯುರೋಪಿಗೆ ಮಾರಿ ಶ್ರೀಮಂತರಾದರು. ಆ ಹೊಗೆಸೊಪ್ಪು ಬೆಳೆದವರು ಆಫ್ರಿಕಾದಿಂದ ಹಿಡಿದು ತಂದ ಗುಲಾಮರು. ಗ್ಲಾಸ್ಗೋದಲ್ಲಿ ಇವತ್ತೂ ವರ್ಜೀನಿಯಾ ಬೀದಿ ಇದೆ, ಜಮೈಕಾ ಬೀದಿ ಇದೆ. ಯಾರ ಬೆವರಿನ ದುಡ್ಡು ಅಂತ ಬೀದಿಯ ಹೆಸರೇ ಹೇಳುತ್ತದೆ.

ಈ ವ್ಯಾಪಾರಿಗಳಲ್ಲಿ ಥಾಮಸ್ ಮನ್ರೋನ ಅಪ್ಪನೂ ಒಬ್ಬ. 1775ರಲ್ಲಿ ಅಮೆರಿಕ ತಿರುಗಿಬಿತ್ತು. ಯುದ್ಧದಿಂದ ಅಪ್ಪನ ವ್ಯಾಪಾರ ನೆಲ ಕಚ್ಚಿತು. ಮಗ ಕಂಪನಿಯ ಸೈನ್ಯ ಸೇರಿ 1780ರ ಜನವರಿಯಲ್ಲಿ ಮದ್ರಾಸಿನಲ್ಲಿ ಇಳಿದ. ಅದೇ ವರ್ಷ ಹೈದರಾಲಿ ಜೊತೆ ಯುದ್ಧ ಶುರುವಾಯಿತು. ಟಿಪ್ಪು ಬಿದ್ದ ಮೇಲೆ ಮನ್ರೋ ಕೆನರಾಕ್ಕೆ ಕಲೆಕ್ಟರ್ ಆಗಿ ಬಂದ, ಆಮೇಲೆ ಬಳ್ಳಾರಿ, ಕಡಪ ಸೀಮೆಗೆ ಹೋದ. ನಡುವೆ ಜಮೀನ್ದಾರ ಬೇಡ, ಸರ್ಕಾರ ನೇರ ರೈತನ ಹತ್ತಿರ ಕಂದಾಯ ತಗೊಳ್ಳಲಿ ಎಂಬ ರೈತವಾರಿ ಪದ್ಧತಿ ಬೇರೂರಿದ್ದು ಅವನಿಂದ. ವರ್ಜೀನಿಯಾದಲ್ಲಿ ಬಿದ್ದ ಗುಂಡಿಗೂ ನಮ್ಮ ತಾತಂದಿರ ಕಂದಾಯದ ರಸೀದಿಗೂ ಸಂಬಂಧ ಇದೆ ಅಂದರೆ ನಂಬೋದು ಕಷ್ಟ. ಆದರೆ ಇದೆ.

ಮನ್ರೋನಂಥವರು ಇಷ್ಟೊಂದು ಜನ ಯಾಕೆ ಬಂದರು? ಸ್ಕಾಟ್ಲೆಂಡಿನಲ್ಲಿ ಒಳ್ಳೆಯ ಶಾಲೆಗಳಿದ್ದವು, ಹಳೆಯ ವಿಶ್ವವಿದ್ಯಾಲಯಗಳಿದ್ದವು, ಎಡಿನ್‌ಬರೋದಲ್ಲಿ ವೈದ್ಯ ಕಲಿಯಲು ಹೊರನಾಡಿನವರೂ ಬರುತ್ತಿದ್ದರು. ಓದಿದವರು ಜಾಸ್ತಿ, ಕೆಲಸ ಕಡಿಮೆ. ಆಸ್ತಿಯೆಲ್ಲ ಹಿರಿಯ ಮಗನಿಗೆ, ಕಿರಿಯವರು ತಮ್ಮ ದಾರಿ ತಾವೇ ನೋಡಿಕೊಳ್ಳಬೇಕು. ಲಂಡನ್ನಿನಲ್ಲಿ ಭಾರತದ ವ್ಯವಹಾರ ನೋಡುವ ಮಂಡಳಿಯಲ್ಲಿ ಕೂತಿದ್ದವನು ಹೆನ್ರಿ ಡುಂಡಾಸ್ ಎಂಬ ಸ್ಕಾಟ್. ತಮ್ಮ ಊರಿನವರಿಗೆ ಚೀಟಿ ಕೊಟ್ಟು ಕಳಿಸುತ್ತಿದ್ದ. ನಮ್ಮಲ್ಲಿ ಒಬ್ಬನಿಗೆ ಬೆಂಗಳೂರಿನಲ್ಲಿ ಕೆಲಸ ಸಿಕ್ಕರೆ ಅವನ ಹಿಂದೆ ಅರ್ಧ ಊರೇ ಬರುತ್ತದಲ್ಲ, ಹಾಗೆ.

ಗುಡ್ಡಗಾಡಿನವರ ಸೈನ್ಯ

ಗ್ಲಾಸ್ಗೋದ ಸಮೃದ್ಧಿ ಉತ್ತರದ ಹೈಲ್ಯಾಂಡ್ಸ್ ಬೆಟ್ಟಗಳಿಗೆ ತಲುಪಲಿಲ್ಲ. ಅಲ್ಲಿನ ಮಾತು ಗೇಲಿಕ್, ಬದುಕು ಕುಲಗಳದ್ದು. ಕುಲದ ಒಡೆಯ ಕರೆದರೆ ಗಂಡಸರು ಕತ್ತಿ ಹಿಡಿದು ಬರಬೇಕು. ಪಟ್ಟ ಕಳೆದುಕೊಂಡ ಹಳೆಯ ಸ್ಟುವರ್ಟ್ ರಾಜವಂಶದ ಪರವಾಗಿ ಹಲವು ಕುಲಗಳು 1745ರಲ್ಲಿ ಎದ್ದವು. 1746ರ ಏಪ್ರಿಲ್ 16ರಂದು ಕಲೋಡೆನ್ ಬಯಲಿನಲ್ಲಿ ಒಂದು ಗಂಟೆಯೊಳಗೆ ಎಲ್ಲ ಮುಗಿಯಿತು. ಗಾಯಗೊಂಡು ಬಿದ್ದವರನ್ನೂ ಕೊಂದರು. ಆಮೇಲೆ ಬಂದ ಕಾನೂನು ಇನ್ನೂ ಆಳವಾಗಿ ಕಚ್ಚಿತು. ಹೈಲ್ಯಾಂಡ್ಸ್ ಗಂಡಸರು ತಮ್ಮ ಚೌಕುಳಿ ಬಟ್ಟೆಯ ಉಡುಪು ತೊಡುವಂತಿಲ್ಲ. ತೊಟ್ಟು ಸಿಕ್ಕಿಬಿದ್ದರೆ ಆರು ತಿಂಗಳ ಜೈಲು. ಎರಡನೇ ಸಲ ಸಿಕ್ಕಿದರೆ ಏಳು ವರ್ಷ ಗಡೀಪಾರು.

ಒಂದೇ ಒಂದು ವಿನಾಯಿತಿ ಇತ್ತು. ರಾಜನ ಸೈನ್ಯ ಸೇರಿದರೆ ತೊಡಬಹುದು. ಅಪ್ಪ ಅಜ್ಜಂದಿರ ಉಡುಪು ಬೇಕೆಂದರೆ ಅದರ ಮೇಲೆ ಕೆಂಪು ಕೋಟು ಹಾಕಿಕೊಳ್ಳಲೇಬೇಕು. ಈ ಕಾನೂನು ತೆಗೆದದ್ದು 1782ರಲ್ಲಿ.

ಲಾರ್ಡ್ ಮೆಕ್ಲೌಡ್ ಎಂಬವನ ಬದುಕು ನೋಡಿ. ಹುಡುಗನಾಗಿ ಅಪ್ಪನ ಜೊತೆ 1745ರ ದಂಗೆಯಲ್ಲಿ ಹೋರಾಡಿದ. ಅಪ್ಪನಿಗೆ ಮರಣದಂಡನೆ ವಿಧಿಸಿ ಕೊನೆಗೆ ಪ್ರಾಣ ಉಳಿಸಿದರು. ಜಮೀನೆಲ್ಲ ಮುಟ್ಟುಗೋಲು. ಮಗ ಸ್ವೀಡನ್ನಿನ ಸೈನ್ಯದಲ್ಲಿ ದುಡಿದು 30 ವರ್ಷದ ಮೇಲೆ ವಾಪಸಾದ. ತನ್ನ ಸೀಮೆಯ ಗಂಡಸರನ್ನು ಕೂಡಿಸಿ, ತನ್ನ ವಂಶವನ್ನು ಹಾಳುಮಾಡಿದ ರಾಜಮನೆತನಕ್ಕೇ ಒಂದು ರೆಜಿಮೆಂಟ್ ಕಟ್ಟಿಕೊಟ್ಟ. ಅದು 1780ರಲ್ಲಿ ಮದ್ರಾಸಿಗೆ ಬಂತು. ಡೇವಿಡ್ ಬೇರ್ಡ್ ಅದರಲ್ಲೇ ಕ್ಯಾಪ್ಟನ್. ಪೊಳ್ಳಿಲೂರಿನಲ್ಲಿ ಬೇಲಿಯ ಜೊತೆ ಆ ರೆಜಿಮೆಂಟಿನ ಎರಡು ತುಕಡಿಗಳಿದ್ದವು. ದರಿಯಾ ದೌಲತ್ ಗೋಡೆಯ ಆ ಕೆಂಪು ಕೋಟುಗಳಲ್ಲಿ ಗೇಲಿಕ್ ಬಿಟ್ಟು ಬೇರೆ ಮಾತು ಸರಿಯಾಗಿ ಬಾರದ ಹುಡುಗರೂ ಇದ್ದಿರಬೇಕು. ಇತ್ತ ಯಜಮಾನನಿಗೆ 1784ರಲ್ಲಿ ಕಳೆದ ಜಮೀನು ವಾಪಸು ಸಿಕ್ಕಿತು. ಮುಂದೆ ಹೈಲ್ಯಾಂಡ್ಸಿನ ಎಷ್ಟೋ ಒಡೆಯರು ಕುರಿ ಸಾಕಿದರೆ ಲಾಭ ಜಾಸ್ತಿ ಅಂತ ತಮ್ಮ ಒಕ್ಕಲನ್ನೇ ಎಬ್ಬಿಸಿ ಓಡಿಸಿದರು. ಮಗ ದೂರದ ಯುದ್ಧದಲ್ಲಿ, ಅಪ್ಪ ಅಮ್ಮ ಬೀದಿಯಲ್ಲಿ.

ಇವರೆಲ್ಲ ಅಮಾಯಕರು ಅಂತ ನಾನು ಹೇಳುತ್ತಿಲ್ಲ. ಶ್ರೀರಂಗಪಟ್ಟಣ ಬಿದ್ದ ರಾತ್ರಿ ಮನೆ ಮನೆ ನುಗ್ಗಿ ದೋಚಿದವರಲ್ಲಿ ಇವರೂ ಇದ್ದರು. ಏಟು ತಿಂದವನು ಇನ್ನೊಬ್ಬರಿಗೆ ಹೊಡೆಯುವುದಿಲ್ಲ ಎಂಬ ನಂಬಿಕೆಯನ್ನು ಈ ಇತಿಹಾಸ ಪುಟಪುಟದಲ್ಲೂ ಸುಳ್ಳು ಮಾಡುತ್ತದೆ.

ಐರ್ಲೆಂಡ್: ಪ್ರಯೋಗಶಾಲೆ

ಸ್ಕಾಟ್ಲೆಂಡಿಗೆ ಪಾಲು ಸಿಕ್ಕಿತು. ಐರ್ಲೆಂಡಿಗೆ ಸಿಕ್ಕಿದ್ದು ನೊಗ. 1609ರಿಂದ ಅದರ ಉತ್ತರದ ಅಲ್‌ಸ್ಟರ್ ಪ್ರಾಂತ್ಯದಲ್ಲಿ ಐರಿಷರ ಜಮೀನು ಕಿತ್ತು ಸ್ಕಾಟ್ಲೆಂಡ್, ಇಂಗ್ಲೆಂಡಿನಿಂದ ಪ್ರೊಟೆಸ್ಟೆಂಟ್ ಒಕ್ಕಲುಗಳನ್ನು ತಂದು ಕೂರಿಸಿದರು. ಇವತ್ತಿಗೂ ಆರದ ಉತ್ತರ ಐರ್ಲೆಂಡಿನ ಜಗಳದ ಬೇರು ಅಲ್ಲಿದೆ. ಕ್ಯಾಥೊಲಿಕರು ಜಮೀನು ಕೊಳ್ಳುವಂತಿಲ್ಲ, ಮತ ಹಾಕುವಂತಿಲ್ಲ ಅಂತ ಕಾನೂನು ಬಂತು. ವೆಲ್ಲೆಸ್ಲಿ ಸಹೋದರರು ಹುಟ್ಟಿದ್ದು ಐರ್ಲೆಂಡಿನಲ್ಲಾದರೂ ಅವರು ಈ ನೊಗದಡಿಯವರಲ್ಲ. ನೊಗ ಹಿಡಿದ ಪ್ರೊಟೆಸ್ಟೆಂಟ್ ಜಮೀನ್ದಾರ ವರ್ಗದವರು.

1798ರಲ್ಲಿ ಐರಿಷರು ದಂಗೆ ಎದ್ದರು. ಅದನ್ನು ಹತ್ತಿಕ್ಕಲು ಹೋದ ವೈಸರಾಯ್ ಯಾರು ಗೊತ್ತಾ? 1792ರಲ್ಲಿ ಶ್ರೀರಂಗಪಟ್ಟಣಕ್ಕೆ ಮುತ್ತಿಗೆ ಹಾಕಿ ಟಿಪ್ಪುವಿನ ಇಬ್ಬರು ಮಕ್ಕಳನ್ನು ಒತ್ತೆ ಇಟ್ಟುಕೊಂಡ ಅದೇ ಕಾರ್ನ್‌ವಾಲಿಸ್. ಅವನ ಕಣ್ಣೆದುರೇ ಐರ್ಲೆಂಡಿನ ಸಂಸತ್ತೂ ಮುಚ್ಚಿತು. 1801ರಿಂದ ಅದೂ ಯುನೈಟೆಡ್ ಕಿಂಗ್‌ಡಮ್ ಒಳಗೆ.

ಒಳಗೆ ಸೇರಿದ್ದರಿಂದ ಏನು ಸಿಕ್ಕಿತು ಅನ್ನೋದು 1845ರಲ್ಲಿ ಗೊತ್ತಾಯಿತು. ಬಡ ಐರಿಷರ ಊಟ ಅಂದರೆ ಆಲೂಗಡ್ಡೆ. ತುಂಡು ನೆಲದಲ್ಲಿ ಒಂದು ಸಂಸಾರದ ಹೊಟ್ಟೆ ತುಂಬಿಸುವ ಬೆಳೆ ಅದೊಂದೇ. ಆ ಬೆಳೆಗೆ ರೋಗ ಬಂತು. ಅಗೆದರೆ ಗಡ್ಡೆ ಕೊಳೆತು ನಾರುತ್ತಿತ್ತು. ಆದರೆ ಗೋಧಿ, ಓಟ್ಸ್, ದನಕರು ಇದ್ದವು. ಅವು ಬಾಡಿಗೆ ಕಟ್ಟಲು ಬೆಳೆದದ್ದು. ಅವು ಹಡಗು ಹತ್ತಿ ಇಂಗ್ಲೆಂಡಿಗೆ ಹೋಗುತ್ತಲೇ ಇದ್ದವು. ಪರಿಹಾರದ ಲೆಕ್ಕ ನೋಡುತ್ತಿದ್ದವನು ಖಜಾನೆಯ ಅಧಿಕಾರಿ ಚಾರ್ಲ್ಸ್ ಟ್ರೆವೆಲ್ಯನ್. ಹಿಂದೆ ಭಾರತದಲ್ಲಿ ಕಂಪನಿಯ ನೌಕರಿ ಮಾಡಿದವನು. ಮಾರುಕಟ್ಟೆಗೆ ಸರ್ಕಾರ ಕೈ ಹಾಕಬಾರದು, ಪುಕ್ಕಟೆ ಕೊಟ್ಟರೆ ಜನ ಸೋಮಾರಿಗಳಾಗುತ್ತಾರೆ ಎಂಬುದು ಅವನ ಗಟ್ಟಿ ನಂಬಿಕೆ. ಕಲ್ಲು ಒಡೆದರೆ ಮಾತ್ರ ಕೂಲಿ. ಕಾಲು ಎಕರೆಗಿಂತ ಜಾಸ್ತಿ ನೆಲ ಹಿಡಿದವನಿಗೆ ನೆರವಿಲ್ಲ. ಸುಮಾರು 10 ಲಕ್ಷ ಜನ ಸತ್ತರು. ಇನ್ನೂ 10 ಲಕ್ಷ ಜನ ಊರು ಬಿಟ್ಟರು. ಟ್ರೆವೆಲ್ಯನ್ 1859ರಲ್ಲಿ ಮದ್ರಾಸಿನ ಗವರ್ನರ್ ಆಗಿ ಬಂದ.

ಆ ನಂಬಿಕೆಯೂ ಹಡಗು ಹತ್ತಿ ಬಂತು. 1876ರಿಂದ ದಕ್ಷಿಣ ಭಾರತದಲ್ಲಿ ಭೀಕರ ಬರ. ನಮ್ಮ ಹಿರಿಯರು ಧಾತು ವರ್ಷದ ಕ್ಷಾಮ ಅನ್ನುತ್ತಿದ್ದರಲ್ಲ, ಅದು. ಮೈಸೂರು ಆಗ ನೇರ ಬ್ರಿಟಿಷ್ ಆಡಳಿತದಲ್ಲಿತ್ತು. ಧಾನ್ಯ ದೇಶದಿಂದ ಹೊರಗೆ ಹೋಗುವುದು ನಿಲ್ಲಲಿಲ್ಲ. ಕಲ್ಲು ಮಣ್ಣಿನ ಕೆಲಸ ಮಾಡಿದರೆ ಮಾತ್ರ ಕೂಲಿ. 1871ರಲ್ಲಿ ಮೈಸೂರು ಸಂಸ್ಥಾನದ ಜನ 50 ಲಕ್ಷಕ್ಕೂ ಜಾಸ್ತಿ. 1881ರಲ್ಲಿ ಎಣಿಸಿದಾಗ 42 ಲಕ್ಷ.

ಐರ್ಲೆಂಡಿನ ಬಡತನ ಸೈನ್ಯಕ್ಕೆ ಜನ ಒದಗಿಸಿತು. 1830ರ ಹೊತ್ತಿಗೆ ಬ್ರಿಟಿಷ್ ಸೈನ್ಯದಲ್ಲಿ ನೂರಕ್ಕೆ 40ಕ್ಕೂ ಹೆಚ್ಚು ಮಂದಿ ಐರಿಷರು. ಒಂದೇ ಐರ್ಲೆಂಡಿನಿಂದ ಎರಡು ಬಗೆಯ ಜನ ಪಂಜಾಬಿಗೆ ಬಂದರು. 1919ರಲ್ಲಿ ಜಲಿಯನ್‌ವಾಲಾ ಬಾಗ್ ಕೊಲೆ ನಡೆದಾಗ ಪಂಜಾಬಿನ ಲೆಫ್ಟಿನೆಂಟ್ ಗವರ್ನರ್ ಮೈಕೆಲ್ ಓಡ್ವಯರ್. ಟಿಪ್ಪರರಿಯ ಐರಿಷ್ ಕ್ಯಾಥೊಲಿಕ್. ಗುಂಡು ಹಾರಿಸಲು ಅಪ್ಪಣೆ ಕೊಟ್ಟ ಸೇನಾಧಿಕಾರಿ ಡಯರ್ ಮಾಡಿದ್ದು ಸರಿ ಅಂತ ನಿಂತವನು. ಮರುವರ್ಷ, 1920ರ ಜೂನಿನಲ್ಲಿ, ಅದೇ ಪಂಜಾಬಿನ ಜಲಂಧರದಲ್ಲಿ ಕನಾಟ್ ರೇಂಜರ್ಸ್ ಎಂಬ ಐರಿಷ್ ರೆಜಿಮೆಂಟಿನ ಸಿಪಾಯಿಗಳು ಬಂದೂಕು ಕೆಳಗಿಟ್ಟರು. ತಮ್ಮ ಊರುಗಳಲ್ಲಿ ಬ್ರಿಟಿಷ್ ಪಡೆ ನಡೆಸುತ್ತಿದ್ದ ದೌರ್ಜನ್ಯದ ಸುದ್ದಿ ಅವರಿಗೆ ತಲುಪಿತ್ತು. ಇನ್ನು ದುಡಿಯಲ್ಲ ಅಂದುಬಿಟ್ಟರು. ಬಂಡಾಯ ಸೋಲನ್ ಊರಿಗೂ ಹಬ್ಬಿತು. 19 ಮಂದಿಗೆ ಮರಣದಂಡನೆ ವಿಧಿಸಿ 18 ಮಂದಿಯದ್ದನ್ನು ಕಡಿಮೆ ಮಾಡಿದರು. ಜೇಮ್ಸ್ ಡಾಲಿ ಒಬ್ಬನನ್ನು ನವೆಂಬರ್ 2ರಂದು ದಗ್ಶಾಯಿ ಜೈಲಿನಲ್ಲಿ ಗುಂಡಿಟ್ಟು ಕೊಂದರು. ಇಪ್ಪತ್ತರ ಆಸುಪಾಸಿನ ಹುಡುಗ. ಐವತ್ತು ವರ್ಷದ ಮೇಲೆ, 1970ರಲ್ಲಿ, ಅವನ ಮೂಳೆಗಳನ್ನು ಐರ್ಲೆಂಡಿಗೆ ಒಯ್ದು ಮಣ್ಣು ಮಾಡಿದರು.

ಅಂಟು ಬಿಟ್ಟ ಮೇಲೆ

1922ರಲ್ಲಿ ಐರ್ಲೆಂಡಿನ ಬಹುಭಾಗ ಹೊರಗೆ ಹೋಯಿತು. 1947ರಲ್ಲಿ ನಾವು ಹೊರಬಂದೆವು. 1960ರ ದಶಕ ಮುಗಿಯುವಷ್ಟರಲ್ಲಿ ಸಾಮ್ರಾಜ್ಯದಲ್ಲಿ ಹೆಚ್ಚೇನೂ ಉಳಿದಿರಲಿಲ್ಲ. ಹಂಚಿಕೊಳ್ಳಲು ಪಾಲು ಇಲ್ಲ ಅಂದಮೇಲೆ ಕೂಡುಕುಟುಂಬದಲ್ಲಿ ಹಳೆಯ ಲೆಕ್ಕ ಏಳುವುದು ಸಹಜ. 2014ರಲ್ಲಿ ಬ್ರಿಟನ್ ಬಿಡಬೇಕೇ ಅಂತ ಸ್ಕಾಟ್ಲೆಂಡಿನಲ್ಲಿ ಮತ ಹಾಕಿದರು. ನೂರಕ್ಕೆ 55 ಮಂದಿ ಬೇಡ ಅಂದರು, 45 ಮಂದಿ ಬೇಕು ಅಂದರು. ಎರಡೇ ವರ್ಷದಲ್ಲಿ ಯುರೋಪಿನ ಒಕ್ಕೂಟ ಬಿಡುವ ಮತದಾನ ಬಂತು. ಇಂಗ್ಲೆಂಡ್, ವೇಲ್ಸ್ ಬಿಡೋಣ ಅಂದವು. ಸ್ಕಾಟ್ಲೆಂಡ್, ಉತ್ತರ ಐರ್ಲೆಂಡ್ ಇರೋಣ ಅಂದವು. ಬಿಡುವುದೇ ಆಯಿತು.

ಇಷ್ಟರಲ್ಲಿ ಮುಚ್ಚಿದ ಒಂದು ಬಾಗಿಲು ಮತ್ತೆ ತೆರೆದಿತ್ತು. ಅಧಿಕಾರದ ಒಂದಿಷ್ಟು ಭಾಗ ನಮ್ಮ ನೆಲದಲ್ಲೇ ಇರಲಿ ಅಂತ ಸ್ಕಾಟರು 1997ರಲ್ಲಿ ಮತ ಹಾಕಿದ್ದರು. 1999ರ ಮೇ 12ರಂದು ಎಡಿನ್‌ಬರೋದಲ್ಲಿ ಹೊಸ ಸಂಸತ್ತು ಮೊದಲ ಸಲ ಸೇರಿತು. ಅವತ್ತು ಅಧ್ಯಕ್ಷ ಪೀಠದಲ್ಲಿದ್ದವರು ಎಲ್ಲರಿಗಿಂತ ಹಿರಿಯ ಸದಸ್ಯೆ ವಿನಿ ಯೂಯಿಂಗ್. ಹೊಸ ಸಂಸತ್ತು ಶುರುವಾಯಿತು ಅಂತ ಅವರು ಹೇಳಲಿಲ್ಲ. 1707ರ ಮಾರ್ಚ್ 25ರಂದು ಮುಂದೂಡಿದ್ದ ಸ್ಕಾಟ್ಲೆಂಡಿನ ಸಂಸತ್ತು ಈಗ ಮತ್ತೆ ಸೇರಿದೆ ಅಂದರು.